ಸೀರಿಯಲ್‌ನ ಗುಮಾಸ್ತ ಮತ್ತು ಅವನ ಚಂಚಿ

ಸೀರಿಯಲ್‌ನಲ್ಲಿ ಪಾತ್ರ ಮಾಡ್ತೀನಿ ಅಂದ ಕೂಡಲೇ ಎಲ್ಲರೂ ಕೇಳೋದು ಒಂದೇ, ಮುಂದೆ ಕಥೆ ಏನಾಗುತ್ತೆ? ನನಗೂ ಗೊತ್ತಿರುವುದಿಲ್ಲ. ಖರೇನೇ ಹೇಳ್ತಿದ್ದೀನಿ. ಬೆಳಿಗ್ಗೆ ಮೇಕಪ್‌ಗೆ ಕೂತಾಗ ಆ ದಿನದ ಸೀನ್ ಪೇಪರ್ ಕೈಗೆ ಬರುತ್ತದೆ. ನಾಳೆಗೆ ನನ್ನ ಪಾತ್ರ ಇರುತ್ತದೋ ಇಲ್ಲವೋ ಅನ್ನುವುದು ಚಾನೆಲ್‌ನವರಿಗೆ, ಗುರುವಾರ ಬರುವ ಟಿಆರ್‌ಪಿಗೆ ಬಿಟ್ಟಿದ್ದು.

ನಾನು ಗುಳೇದಗುಡ್ಡದ ಕಡೆಯವನು. ಮೊದಲು ಮಾಡಿದ್ದು ಕಂಪನಿ ನಾಟಕ. ಬಾದಾಮಿ ಬನಶಂಕರಿ ಜಾತ್ರೆ ಗೊತ್ತಲ್ವಾ? ಬನದ ಹುಣ್ಣಿಮೆಗೆ ತೇರು, ಆಮೇಲೆ ವಾರಗಟ್ಟಲೆ ನಾಟಕ. ಕಂಪನಿಗಳ ಟೆಂಟುಗಳು ಒಂದರ ಪಕ್ಕ ಒಂದು. ಈಚೆ ಮೈಕಿನಲ್ಲಿ ನಮ್ಮ ಹಾಸ್ಯ ನಡೆದಿದ್ದರೆ ಆಚೆ ಮೈಕಿನಲ್ಲಿ ಅವರ ಹಾಡು. ಕೊನೇ ಸಾಲಿನವನಿಗೆ ಕೇಳಿಸಬೇಕು ಅಂದರೆ ಮಾತನ್ನು ಹೊಟ್ಟೆಯಿಂದ ತೆಗೆಯಬೇಕು. ನಮಗೆ ಕಲಿಸಿದ ಹಿರಿಯರು ಮಾತೆತ್ತಿದರೆ ಬೆಳಗಾವಿ ಜಿಲ್ಲೆಯ ಏಣಗಿ ಬಾಳಪ್ಪನವರ ಹೆಸರು ತೆಗೆಯುತ್ತಿದ್ದರು. ಹರೆಯದಲ್ಲಿ ಹೆಣ್ಣು ಪಾತ್ರ, ಮುಂದೆ ಬಸವಣ್ಣ, ಎರಡರಲ್ಲೂ ಜನ ಅವರನ್ನು ಮರೆಯಲಿಲ್ಲ. 2017ರಲ್ಲಿ ನೂರು ದಾಟಿ ತೀರಿಕೊಂಡರು.

1994ರಲ್ಲಿ ಉದಯ ಟಿವಿ, 2000ದಲ್ಲಿ ಈಟಿವಿ ಕನ್ನಡ ಬಂದ ಮೇಲೆ ಬೆಂಗಳೂರಿನಲ್ಲಿ ದಿನದ ಸೀರಿಯಲ್‌ಗಳ ಕೆಲಸ ಬೆಳೆಯಿತು, ನಮ್ಮಂಥವರಿಗೂ ಅಲ್ಲೊಂದು ಇಲ್ಲೊಂದು ಪಾತ್ರ ಸಿಗತೊಡಗಿತು. ಜಾತ್ರೆಯಲ್ಲಿ ನನ್ನ ನಾಟಕ ನೋಡಿದ ಒಬ್ಬ ಸೀರಿಯಲ್ ಮ್ಯಾನೇಜರ್ ಫೋನ್ ಮಾಡಿದರು. ಬಾದಾಮಿ ಸ್ಟೇಷನ್‌ನಲ್ಲಿ ಗೋಲ್‌ಗುಂಬಜ್ ಎಕ್ಸ್‌ಪ್ರೆಸ್ ಹತ್ತಿದೆ.

ಸಿಕ್ಕಿದ್ದು ಒಂದು ದೊಡ್ಡ ಮನೆಯ ಗುಮಾಸ್ತನ ಪಾತ್ರ. ಮಾತು ಕಡಿಮೆ. 'ಹೌದು ಯಜಮಾನ್ರೇ', 'ಆಯ್ತು ಯಜಮಾನ್ರೇ'. ನಾಟಕದಲ್ಲಾದರೆ ಕೊನೇ ಅಂಕದಲ್ಲಿ ಏನಾಗುತ್ತದೆ ಗೊತ್ತಿರುತ್ತದೆ, ಅದಕ್ಕೆ ತಕ್ಕಂತೆ ಮೊದಲನೇ ಅಂಕದಲ್ಲೇ ಸ್ವಲ್ಪ ಸ್ವಲ್ಪ ತಯಾರಿ ಮಾಡಿಟ್ಟುಕೊಳ್ಳಬಹುದು. ಇಲ್ಲಿ ಇವನು ಒಳ್ಳೆಯವನೋ ಕಳ್ಳನೋ ಅಂತ ಡೈರೆಕ್ಟರ್‌ಗೂ ಆಗ ಗೊತ್ತಿರಲಿಲ್ಲ. ಹಾಗಾಗಿ ಕಥೆ ನಂಬಿ ಪಾತ್ರ ಕಟ್ಟೋದು ಬೇಡ, ಕಥೆ ಯಾವ ಕಡೆ ತಿರುಗಿದರೂ ಇವನು ಬಿಡದೆ ಮಾಡುವ ಒಂದು ಕೆಲಸ ಇರಲಿ ಅಂದುಕೊಂಡೆ. ಚಂಚಿ ಹಿಡಿದೆ.

ನಮ್ಮ ಕಡೆ ಹಿರಿಯರ ಕೈಯಲ್ಲಿ ಚಂಚಿ ಇರುತ್ತಲ್ಲ, ಮಡಚಿ ಸುತ್ತುವ ಬಟ್ಟೆ ಚೀಲ. ಒಂದು ಅರೆಯಲ್ಲಿ ಎಲೆ, ಒಂದರಲ್ಲಿ ಅಡಿಕೆ, ಇನ್ನೊಂದರಲ್ಲಿ ಸುಣ್ಣದ ಡಬ್ಬಿ. ತಂಬಾಕು ಮಾತ್ರ ಬಿಟ್ಟೆ, ಅದನ್ನು ತೋರಿಸಿದರೆ ಪರದೆ ಮೇಲೆ ಎಚ್ಚರಿಕೆ ಸಾಲು ಹಾಕಬೇಕು, ಯಾರಿಗೆ ಬೇಕು ಆ ತಲೆನೋವು. ಸುಣ್ಣದ ಡಬ್ಬಿ ಹಿತ್ತಾಳೆಯದು. ಅಂಗಿಯೊಳಗೆ ಎದೆ ಹತ್ತಿರ ಮೈಕ್ ಸಿಗಿಸಿರುತ್ತಾರೆ, ಡಬ್ಬಿಯ ಮುಚ್ಚಳ ಟಕ್ ಅಂದರೆ ಸೌಂಡ್ ಹುಡುಗ ಹೆಡ್‌ಫೋನ್ ಕಿತ್ತು 'ಅಣ್ಣಾ!' ಅನ್ನೋನು. ಮುಚ್ಚಳದ ಒಳಗೆ ಬಟ್ಟೆ ಅಂಟಿಸಿದ ಮೇಲೆ ಅವನಿಗೂ ಸಮಾಧಾನ, ನನಗೂ ಸಮಾಧಾನ.

ಇದರ ನಿಜವಾದ ಕಷ್ಟ ಕಂಟಿನ್ಯೂಟಿ, ಅಂದರೆ ಒಂದು ಶಾಟ್‌ನಲ್ಲಿ ಇದ್ದದ್ದು ಮುಂದಿನ ಶಾಟ್‌ನಲ್ಲೂ ಹಾಗೇ ಇರಬೇಕು. ಮೊದಲು ಎಲ್ಲರೂ ಕಾಣುವ ಹಾಗೆ ಮಾಸ್ಟರ್ ಶಾಟ್ ತೆಗೀತಾರೆ, ಆಮೇಲೆ ಒಬ್ಬೊಬ್ಬರದೇ ಕ್ಲೋಸಪ್, ಮಧ್ಯೆ ಲೈಟ್ ಬದಲಾಗುತ್ತೆ, ಊಟವೂ ಆಗಬಹುದು. ಎಲೆ ಎಡಗೈಯಲ್ಲಿತ್ತೋ ಬಲಗೈಯಲ್ಲಿತ್ತೋ? ಅಸಿಸ್ಟೆಂಟ್ ಮೊಬೈಲ್‌ನಲ್ಲಿ ಫೋಟೋ ತೆಗೆದಿರುತ್ತಾನೆ, ಆದರೆ ನಾನು ಅದನ್ನೇ ನಂಬಿ ಕೂರೋದಿಲ್ಲ. ಕೈಯ ಪ್ರತಿ ಕೆಲಸವನ್ನೂ ಎದುರಿನವರ ಒಂದೊಂದು ಮಾತಿಗೆ ಗಂಟು ಹಾಕ್ತೀನಿ. ಯಜಮಾನ 'ಆಸ್ತಿ' ಅಂದಾಗ ಎಲೆ ಹೊರಗೆ, 'ಮಗಳು' ಅಂದಾಗ ಸುಣ್ಣ. ಅವನು ಸುಳ್ಳು ಹೇಳಿದ ಜಾಗದಲ್ಲಿ ಸುಣ್ಣ ಸವರುವ ಹೆಬ್ಬೆರಳು ನಿಲ್ಲುತ್ತೆ. ಮುಖ ಏನೂ ಮಾಡೋದಿಲ್ಲ. ಎಷ್ಟು ಟೇಕ್ ಆದರೂ ಹೆಬ್ಬೆರಳು ಅದೇ ಮಾತಿಗೆ ನಿಲ್ಲುತ್ತೆ, ಎಡಿಟಿಂಗ್‌ನವರಿಗೂ ಕಟ್ ಮಾಡೋಕೆ ಸುಲಭ. ಇದಕ್ಕೆ ಎದುರಿನವರ ಡೈಲಾಗೂ ನಮಗೆ ಬಾಯಿಪಾಠ ಆಗಿರಬೇಕು, ಅಷ್ಟೇ.

ಸೀರಿಯಲ್ ನೋಡೋರಿಗೆ ರಿಯಾಕ್ಷನ್ ಶಾಟ್ ಗೊತ್ತೇ ಇದೆ. ಒಬ್ಬರು ಏನೋ ಅಂದರು, ಢಂ ಅಂತ ಮ್ಯೂಸಿಕ್ಕು, ಮನೆಮಂದಿಯೆಲ್ಲರ ಮುಖ ಸಾಲಾಗಿ. ಅವನ್ನೆಲ್ಲ ಒಟ್ಟಿಗೆ ತೆಗೀತಾರೆ, ಎಡಕ್ಕೆ ನೋಡಿ, ಬಲಕ್ಕೆ ನೋಡಿ, ಶಾಕ್ ಕೊಡಿ, ಮುಗೀತು. ಕಂಪನಿಯಿಂದ ಬಂದವನು ಶಾಕ್ ಕೊಟ್ಟರೆ ಕ್ಯಾಮೆರಾ ಹಿಂದಕ್ಕೆ ಓಡಬೇಕು! ಆ ಹೆಬ್ಬೆರಳಿನಿಂದ ನನಗೆ ಅದೂ ತಪ್ಪಿತು. ಡೈರೆಕ್ಟರ್ ಅದನ್ನು ಗಮನಿಸಿ ಚಂಚಿಯದ್ದೇ ಕ್ಲೋಸಪ್ ಇಡತೊಡಗಿದರು. ಸ್ವಲ್ಪ ದಿನಕ್ಕೆ ಸೀನ್ ಪೇಪರ್‌ನಲ್ಲೇ 'ಗುಮಾಸ್ತ ಚಂಚಿ ಬಿಚ್ಚುತ್ತಾನೆ' ಅಂತ ಬರೆದು ಬಂತು. ಬರೆಯುವವರ ತಲೆಯಲ್ಲಿ ಜಾಗ ಸಿಕ್ಕಿತು ಅಂದರೆ ಕರೆಯುವ ದಿನ ಜಾಸ್ತಿ ಆಗುತ್ತವೆ. ನಮಗೆ ದಿನದ ಲೆಕ್ಕದ ಪೇಮೆಂಟ್, ಕರೆಯದ ದಿನ ಸೊನ್ನೆ. ಮಾಡಿದ ದಿನದ ದುಡ್ಡೂ ಕೈಗೆ ಬರೋಕೆ ತಿಂಗಳುಗಟ್ಟಲೆ ಆಗೋದುಂಟು. ಅದಕ್ಕೆ ಯಾವ ದಿನ ಎಷ್ಟು ಸೀನ್ ಅಂತ ಡೈರಿಯಲ್ಲಿ ಬರೆದು, ಸಂಜೆಯೇ ಮ್ಯಾನೇಜರ್‌ಗೆ ವಾಟ್ಸಾಪ್ ಮಾಡಿಬಿಡ್ತೀನಿ. ಮುಜುಗರ ಪಡಬೇಡಿ, ಹೊಸಬರಿಗೆ ನಾನು ಮೊದಲು ಹೇಳೋದೇ ಇದು.

ಇನ್ನು ನಮ್ಮ ಭಾಷೆ. ಬೆಂಗಳೂರಿನಲ್ಲಿ ಬರೆಯೋರು ಪ್ರತಿ ಸಾಲಿನ ಕೊನೆಗೊಂದು 'ರೀ' ಅಂಟಿಸಿ ಉತ್ತರ ಕರ್ನಾಟಕ ಅಂತ ಕೊಡ್ತಾರೆ. ನಾನು ಜಗಳ ಆಡೋದಿಲ್ಲ. ರಿಹರ್ಸಲ್‌ನಲ್ಲೇ ನಮ್ಮ ಮನೆಯಲ್ಲಿ ಆಡೋ ಹಾಗೆ ಹೇಳಿಬಿಡ್ತೀನಿ, ಅರ್ಥ ಕೆಡದಿದ್ದರೆ ಯಾರೂ ತಡೆಯೋದಿಲ್ಲ.

ಗುಮಾಸ್ತನನ್ನು ಕೊನೆಗೆ ಸಾಯಿಸಿದರು. ಟಿಆರ್‌ಪಿ ಇಳಿದಿತ್ತು, ಮನೆಯಲ್ಲೊಂದು ಸಾವು ಬೇಕಿತ್ತು. ಗೋಡೆಗೆ ನನ್ನ ಫೋಟೋ ಹಾಕಿ ಹಾರ ಹಾಕಿದರು. ಆಮೇಲೆ ಎಷ್ಟೋ ದಿನ ಮನೆಮಂದಿ ಅದರ ಮುಂದೆ ನಿಂತು ಅತ್ತರು. ಆ ಫೋಟೋಗೆ ಪೇಮೆಂಟ್ ಇಲ್ಲ, ಕೇಳಿದ್ದೆ. ಊರಿಗೆ ಬಂದಾಗ ಸಂತೆಯಲ್ಲಿ ಒಬ್ಬ ಅಜ್ಜಿ ತಡೆದು ನಿಲ್ಲಿಸಿ, 'ಯಾಕೋ ತಮ್ಮಾ, ಸಾಯೂಕಿಂತ ಮೊದ್ಲ ಆ ಹುಡುಗಿಗೆ ಖರೇ ಹೇಳಬಾರದಿತ್ತೇನು?' ಅಂತ ಬೈದಳು. ಸೀನ್ ಪೇಪರ್‌ನಲ್ಲಿ ಇರಲಿಲ್ಲ ಅಂದರೆ ಅವಳಿಗೆ ಹೇಗೆ ಅರ್ಥ ಆಗಬೇಕು, 'ತಪ್ಪಾತವ್ವಾ' ಅಂದು ಅವಳ ಹತ್ತಿರವೇ ಎರಡು ಕಟ್ಟು ಮೆಂತ್ಯ ಸೊಪ್ಪು ತಗೊಂಡೆ.