ಹೆಂಡ್ರಿ ಆಟ ನೋಡಿ ನಾನು ಬ್ರೇಕ್ ಕಟ್ಟಲು ಕಲಿತದ್ದು

ಮೂರು ವರ್ಷ ಸ್ನೂಕರ್‌ನಲ್ಲಿ ನನ್ನ ದೊಡ್ಡ ಬ್ರೇಕ್, ಅಂದರೆ ಒಂದೇ ಸರದಿಯಲ್ಲಿ ಗಳಿಸಿದ ಅಂಕ, 38ರಲ್ಲೇ ನಿಂತಿತ್ತು. ದಿನಾ ಸಂಜೆ ಮಲ್ಲೇಶ್ವರದ ಒಂದು ನೆಲಮಾಳಿಗೆಯ ಪಾರ್ಲರ್‌ಗೆ ಹೋಗುತ್ತಿದ್ದೆ. ಗಂಟೆ ಲೆಕ್ಕದಲ್ಲಿ ದುಡ್ಡು ಕೊಟ್ಟು ಆಡುತ್ತಿದ್ದೆ. ಬಿಡಿಯಾಗಿ ಬಿದ್ದಿರುವ ನಾಲ್ಕೈದು ಕೆಂಪು ಚೆಂಡು ಹಾಕುತ್ತಿದ್ದೆ, ಆಮೇಲೆ ಪ್ಯಾಕ್, ಅಂದರೆ ಒತ್ತಾಗಿ ಗುಂಪುಗೂಡಿದ ಉಳಿದ ಕೆಂಪು ಚೆಂಡುಗಳು, ಗಟ್ಟಿಯಾಗಿ ಹಾಗೇ ನಿಂತಿರುತ್ತಿತ್ತು. ಅಲ್ಲಿಗೆ ಮುಗಿಯಿತು, ಸೇಫ್ಟಿ (ಎದುರಾಳಿಗೆ ಸುಲಭದ ಚೆಂಡು ಸಿಗದ ಹಾಗೆ ಹೊಡೆಯುವ ಶಾಟ್) ಆಡಿ ಕುರ್ಚಿಗೆ ವಾಪಸ್. ಕ್ಲಬ್ಬಿನ ಹಿರಿಯರೂ ಅದನ್ನೇ ಹೇಳುತ್ತಿದ್ದರು: ಕಾಯಬೇಕು, ಎದುರಾಳಿ ತಪ್ಪು ಮಾಡುತ್ತಾನೆ.

ಆಗ ಕೇಬಲ್ ಟಿವಿಯಲ್ಲಿ ಸ್ಟೀಫನ್ ಹೆಂಡ್ರಿಯನ್ನು ನೋಡಿದೆ. ಎಡಿನ್‌ಬರೋ ಹತ್ತಿರದ ಸೌತ್ ಕ್ವೀನ್ಸ್‌ಫೆರಿಯಲ್ಲಿ 1969ರಲ್ಲಿ ಹುಟ್ಟಿದವನು. 12ನೇ ವಯಸ್ಸಿನಲ್ಲಿ ಕ್ರಿಸ್ಮಸ್‌ಗೆ ಅಪ್ಪ ಅಮ್ಮ ಕೊಡಿಸಿದ ಸಣ್ಣ ಟೇಬಲ್ ಮೇಲೆ ಆಟ ಶುರು ಮಾಡಿದ, 16ಕ್ಕೆ ಪ್ರೊಫೆಷನಲ್ ಆದ, 21ಕ್ಕೆ, ಅಂದರೆ 1990ರಲ್ಲಿ, ಶೆಫೀಲ್ಡ್‌ನ ಕ್ರೂಸಿಬಲ್‌ನಲ್ಲಿ ಜಿಮ್ಮಿ ವೈಟ್‌ನನ್ನು 18-12ರಲ್ಲಿ ಸೋಲಿಸಿ ವಿಶ್ವ ಚಾಂಪಿಯನ್. 1999ರ ಹೊತ್ತಿಗೆ ಅಂಥ ಏಳು ಪಟ್ಟ. ಈ ಲೆಕ್ಕ ಎಲ್ಲರಿಗೂ ಗೊತ್ತಿರುತ್ತದೆ. ನನ್ನನ್ನು ಹಿಡಿದು ಕೂರಿಸಿದ್ದು ಮಾತ್ರ ಒಂದೇ ಒಂದು ಶಾಟ್.

ನೀಲಿ ಚೆಂಡನ್ನು ನಡುವಿನ ಪಾಕೆಟ್‌ಗೆ ಹಾಕುತ್ತಾನೆ, ಬಿಳಿ ಚೆಂಡು ಅಲ್ಲಿಂದ ಸೀದಾ ಓಡಿ ಪ್ಯಾಕ್‌ಗೆ ನುಗ್ಗುತ್ತದೆ, ಕೆಂಪು ಚೆಂಡುಗಳು ಚೆಲ್ಲಾಪಿಲ್ಲಿ. ನೋಡಲು ಸುಲಭ, ಅಲ್ವಾ? ನನಗೆ ಬರಲು ಎಂಟು ತಿಂಗಳು ಬೇಕಾಯಿತು. ಮೊದಲು ಬಿಳಿ ಚೆಂಡು ನೀಲಿಯ ಬಾಲ್ಕ್ ಬದಿಗೆ (ಪ್ಯಾಕ್‌ಗೆ ಎದುರಿನ ತುದಿಯ ಕಡೆಗೆ) ಸ್ವಲ್ಪ ಕೋನದಲ್ಲಿ ನಿಲ್ಲಬೇಕು. ಇನ್ನೊಂದು ಬದಿಗೆ ಬಿದ್ದರೆ ಅದು ಪ್ಯಾಕ್ ಕಡೆಗೆ ಹೋಗುವ ಬದಲು ಹಿಂದಕ್ಕೆ ಹೋಗುತ್ತದೆ. ಸುಮ್ನೆ ಸ್ಟನ್ (ಬಿಳಿಗೆ ಮುಂದಕ್ಕೂ ಹಿಂದಕ್ಕೂ ತಿರುವು ಕೊಡದ ಹೊಡೆತ) ಹೊಡೆದರೆ ಬಿಳಿ ನೆಟ್ಟಗೆ ಹೋಗಿ ಪಿಂಕ್ ಚೆಂಡಿಗೆ ಗುದ್ದುತ್ತದೆ, ಯಾಕೆಂದರೆ ಪಿಂಕ್ ಪ್ಯಾಕ್‌ನ ಮುಂದೆ ಕಾವಲು ನಿಂತಿರುತ್ತದೆ. ಅದಕ್ಕೆ ಬಿಳಿ ಚೆಂಡಿನ ನಡುಮಧ್ಯಕ್ಕಿಂತ ಒಂದು ಕೂದಲೆಳೆ ಮೇಲೆ ಹೊಡೆಯಬೇಕು. ಆಗ ದಾರಿ ಸ್ವಲ್ಪ ಬಾಗಿ, ಪಿಂಕ್ ಪಕ್ಕದಿಂದ ಜಾರಿ, ಪ್ಯಾಕ್‌ನ ಹೆಗಲಿಗೆ ತಾಗುತ್ತದೆ.

ನಾನು ಇದನ್ನು ಕಲಿತದ್ದು ಸೀಮೆಸುಣ್ಣದಿಂದ. ಬಿಳಿ ಚೆಂಡು ಇಡುವ ಜಾಗಕ್ಕೆ ಬಟ್ಟೆಯ ಮೇಲೆ ಒಂದು ಚುಕ್ಕಿ, ಅಲ್ಲಿಂದ ದಿನಕ್ಕೆ ಮೂವತ್ತು ಸಲ. ಮೊದಲ ತಿಂಗಳು ನೀಲಿಯೇ ಬೀಳುತ್ತಿರಲಿಲ್ಲ, ಕಣ್ಣು ಪ್ಯಾಕ್ ಮೇಲೇ ಇರುತ್ತಿತ್ತು. ಇನ್ನೊಂದು ಮಾತು, ಇದನ್ನು ನನಗೆ ಯಾರೂ ಹೇಳಿಕೊಡಲಿಲ್ಲ, ಮ್ಯಾಚ್‌ಗಳನ್ನು ಮತ್ತೆ ಮತ್ತೆ ನೋಡಿ ಹಿಡಿದದ್ದು: ಬಿಡಿ ಕೆಂಪು ಎಲ್ಲ ಖಾಲಿಯಾದ ಮೇಲೆ ಪ್ಯಾಕ್ ಒಡೆಯಲು ಹೋಗಬಾರದು, ಒಂದು ಕೆಂಪು ಹೊರಗಡೆ ಉಳಿದಿರುವಾಗಲೇ ಹೋಗಬೇಕು, ಒಡೆತ ಕೆಟ್ಟರೂ ಆ ಒಂದು ಚೆಂಡು ಕೈ ಹಿಡಿಯುತ್ತದೆ. ಇದು ತಲೆಗೆ ಹೋದ ಎರಡೇ ವಾರದಲ್ಲಿ 54 ಹೊಡೆದೆ. ಕ್ಯೂ ಕೋಲು ಕೆಳಗಿಟ್ಟಾಗ ಅಂಗೈ ಪೂರ್ತಿ ಒದ್ದೆ.

ಯಾವ ಕ್ಯೂ ತಗೊಳ್ಳಲಿ ಎಂದು ಹುಡುಗರು ಜಾಸ್ತಿ ಕೇಳುತ್ತಾರೆ. ಹೆಂಡ್ರಿ ಏಳು ವಿಶ್ವ ಪಟ್ಟಗಳನ್ನೂ ಗೆದ್ದದ್ದು 40 ಪೌಂಡ್‌ನ ಒಂದು ಸಾಮಾನ್ಯ ಕ್ಯೂನಿಂದ. 2003ರಲ್ಲಿ ವಿಮಾನದ ಸಾಮಾನಿನಲ್ಲಿ ಅದು ಮುರಿದು ಹೋಯಿತು. ಇರುವ ಕ್ಯೂನಲ್ಲೇ ಆಡಿ ಎನ್ನುತ್ತೇನೆ.

ಧೈರ್ಯ ಅಂದರೆ ನನಗೆ ಇಂದಿಗೂ 1994ರಲ್ಲಿ ವೈಟ್ ಎದುರು ಹೆಂಡ್ರಿ ಆಡಿದ ವಿಶ್ವ ಫೈನಲ್. ಟೂರ್ನಿಯ ನಡುವೆ ಬಾತ್‌ರೂಮಿನಲ್ಲಿ ಜಾರಿ ಬಿದ್ದು ಎಡ ಮೊಣಕೈ ಮೂಳೆ ಬಿರುಕು ಬಿಟ್ಟಿತ್ತು, ಅದರಲ್ಲೇ ಫೈನಲ್‌ವರೆಗೆ ಬಂದ. 17-17. ಕೊನೆಯ ಫ್ರೇಮ್‌ನಲ್ಲಿ ವೈಟ್ ಒಂದು ಕಪ್ಪು ಚೆಂಡು ತಪ್ಪಿಸಿದ, ಹೆಂಡ್ರಿ ಎದ್ದು ಬಂದು 58 ಹೊಡೆದು ಮುಗಿಸಿದ. ವೈಟ್ ಬಗ್ಗೆ ಬಹಳ ಬೇಜಾರಾಗುತ್ತದೆ. ಆದರೂ ಆ 58ರಲ್ಲಿ ಒಂದು ಕಡೆಯೂ ಕೈ ಅಳುಕಲಿಲ್ಲ.

ಅದೇ ಕೈ ಆಮೇಲೆ ಅವನಿಗೆ ಮೋಸ ಮಾಡಿತು. ಇದನ್ನು ಬರೆಯಬೇಕು ಅನ್ನಿಸಿದ್ದೇ ಆ ಕಾರಣಕ್ಕೆ, ಯಾಕೆಂದರೆ ನನಗೂ ಅದೇ ಆಯಿತು. ಯಿಪ್ಸ್ ಅನ್ನುತ್ತಾರೆ. ಕ್ಯೂ ಹಿಂದಕ್ಕೆ ಹೋಗುತ್ತದೆ, ಮುಂದಕ್ಕೆ ಬರುವಾಗ ಚೆಂಡು ಮುಟ್ಟುವ ಹೊತ್ತಿಗೆ ಕೈ ಬಿಗಿಯುತ್ತದೆ. ಸ್ಕ್ರೂ ಶಾಟ್‌ನಲ್ಲಿ ಬಿಳಿ ಹಿಂದಕ್ಕೆ ಬರುವುದೇ ಇಲ್ಲ. ಎರಡು ವರ್ಷ ನಾನು ಯಾರಿಗೂ ಹೇಳಲಿಲ್ಲ. ಕೆಲಸ ಜಾಸ್ತಿ ಎಂದು ಕ್ಲಬ್ಬಿಗೆ ಹೋಗುವುದನ್ನೇ ಬಿಟ್ಟೆ. ಹೆಂಡ್ರಿ ತನಗೆ ಇದು ವರ್ಷಗಟ್ಟಲೆ ಕಾಡಿತು ಎಂದು ಬಾಯಿಬಿಟ್ಟು ಹೇಳಿದ್ದು ಕೇಳಿದಾಗ ನನ್ನ ಎದೆಯ ಮೇಲಿನ ಕಲ್ಲು ಇಳಿದಂತಾಯಿತು. 2012ರಲ್ಲಿ ಕ್ರೂಸಿಬಲ್‌ನ ಮೊದಲ ಸುತ್ತಿನಲ್ಲೇ 147, ಅಂದರೆ ಸಾಮಾನ್ಯವಾಗಿ ಒಂದು ಬ್ರೇಕ್‌ಗೆ ಸಿಗುವ ಗರಿಷ್ಠ ಅಂಕ, ಹೊಡೆದ, ಕ್ವಾರ್ಟರ್ ಫೈನಲ್‌ನಲ್ಲಿ ಸ್ಟೀಫನ್ ಮ್ಯಾಗ್ವೈರ್‌ಗೆ 13-2ರಲ್ಲಿ ಸೋತ, ಅಲ್ಲೇ ನಿವೃತ್ತಿ ಹೇಳಿದ. ಆ 147 ಹೊಡೆಯುವಾಗಲೂ ಅವನ ಕೈಯೊಳಗೆ ಈ ಹೆದರಿಕೆ ಇತ್ತು ಎಂದು ಈಗ ಗೊತ್ತಾದ ಮೇಲೆ ಆ ಬ್ರೇಕ್ ನನಗೆ ಏಳು ಪಟ್ಟಕ್ಕಿಂತ ದೊಡ್ಡದಾಗಿ ಕಾಣುತ್ತದೆ. 2020ರಲ್ಲಿ ಮತ್ತೆ ಬಂದ, ಹಳೆಯ ಆಟ ಮರಳಲಿಲ್ಲ.

ನಾನು ಮಾಡಿದ್ದು ಇಷ್ಟು. ಮೊದಲು ಜೊತೆಗೆ ಆಡುವ ಗೆಳೆಯನಿಗೆ ಹೇಳಿದೆ. ಆಮೇಲೆ ಟೇಬಲ್ ಮೇಲೆ ಬೇರೆ ಚೆಂಡೇ ಇಲ್ಲದೆ, ಬರೀ ಬಿಳಿ, ಕ್ಯೂ ತುದಿ ಚೆಂಡು ದಾಟಿ ಒಂದು ಗೇಣು ಮುಂದೆ ಹೋಗಿ ನಿಲ್ಲುವವರೆಗೆ ಹೊಡೆದೆ. ಪಾಕೆಟ್ ಇಲ್ಲ, ಅಂಕ ಇಲ್ಲ. ಮೂರು ವಾರ ಅಷ್ಟೇ. ನಂತರ ನೀಲಿ ಚೆಂಡು ಇಟ್ಟು ನೇರ ಶಾಟ್, ಹೊಡೆಯುವ ಕ್ಷಣಕ್ಕೆ ಕಣ್ಣು ಮುಚ್ಚಿ. ಕಣ್ಣು ಮುಚ್ಚಿದರೆ ಕೈ ಬಿಗಿಯುವುದಿಲ್ಲ, ಯಾಕೋ ಗೊತ್ತಿಲ್ಲ. ಪೂರ್ತಿ ಹೋಗಿಲ್ಲ. ದೊಡ್ಡ ಮ್ಯಾಚ್‌ನಲ್ಲಿ ಇನ್ನೂ ಬರುತ್ತದೆ.

ಮೊನ್ನೆ ಭಾನುವಾರ ಹಳೇ ಚುಕ್ಕಿಯ ಜಾಗದಿಂದ ಹತ್ತು ಸಲ ಹೊಡೆದೆ. ಎಂಟು ನೀಲಿ ಬಿತ್ತು, ಐದು ಸಲ ಪ್ಯಾಕ್ ಚೆನ್ನಾಗಿ ಒಡೆಯಿತು. ಒಂಬತ್ತನೆಯದಕ್ಕೆ ಕೈ ಬಿಗಿಯಿತು. ಗೆಳೆಯ ಏನೂ ಮಾತಾಡದೆ ಚೆಂಡು ಎತ್ತಿ ಮತ್ತೆ ಚುಕ್ಕಿಯ ಮೇಲೆ ಇಟ್ಟ.