ರಂಗದ ಮೇಲಿಂದ ಕ್ಯಾಮೆರಾದ ಹಿಂದಕ್ಕೆ

ಹೆಗ್ಗೋಡಿನ ನೀನಾಸಂ ರಂಗಶಿಕ್ಷಣ ಕೇಂದ್ರದಲ್ಲಿ ಕಲಿತು, ಆನಂತರ ನೀನಾಸಂನ ಸಂಚಾರಿ ನಾಟಕ ತಂಡವಾದ ತಿರುಗಾಟದ ನಟನಾಗಿ ಊರೂರು ಅಲೆದ ನಾನು ಕಲೆಯನ್ನು ಕುರಿತ ಸಾಕ್ಷ್ಯಚಿತ್ರಗಳಿಗೆ ಕೈಹಾಕಿದಾಗ ಅನೇಕರು ಅದನ್ನು ವೃತ್ತಿ ಬದಲಾವಣೆಯೆಂದೇ ತಿಳಿದರು. ನನಗೆ ಹಾಗೆ ಅನ್ನಿಸಿಲ್ಲ. 1985ರಲ್ಲಿ ಆರಂಭವಾದ ತಿರುಗಾಟದಲ್ಲಿ ನಟರೇ ರಂಗಸಜ್ಜಿಕೆ ಕಟ್ಟಬೇಕು, ನಾಟಕ ಮುಗಿದ ಮೇಲೆ ಎಲ್ಲವನ್ನೂ ಬಿಚ್ಚಿ ಗಾಡಿಗೆ ತುಂಬಬೇಕು. ಬೆಳಕು ಯಾವ ಕಡೆಯಿಂದ ಬಿದ್ದರೆ ಮುಖ ಕಾಣುತ್ತದೆ, ಮೌನವನ್ನು ಪ್ರೇಕ್ಷಕರು ಎಷ್ಟು ಹೊತ್ತು ತಾಳಿಕೊಳ್ಳುತ್ತಾರೆ ಎಂಬುದನ್ನು ನಾನು ಅರಿತದ್ದು ಕ್ಯಾಮೆರಾ ಮುಟ್ಟುವ ಮೊದಲೇ, ಅಲ್ಲಿಯೇ.

ಈ ಅರಿವು ಹೆಚ್ಚು ಕೆಲಸಕ್ಕೆ ಬಂದದ್ದು ಸಾಗರ ಸೀಮೆಯ ದೀವರ ಸಮುದಾಯದ ಹೆಣ್ಣುಮಕ್ಕಳು ಮನೆಯ ಗೋಡೆಗೆ ಬರೆಯುವ ಹಸೆ ಚಿತ್ತಾರವನ್ನು ಚಿತ್ರೀಕರಿಸುವಾಗ. ಅಕ್ಕಿಯನ್ನು ನೆನೆಸಿ ನುಣ್ಣಗೆ ಅರೆದು ಬಿಳಿ ಬಣ್ಣ, ಸುಟ್ಟ ಅಕ್ಕಿಯಿಂದ ಕಪ್ಪು, ಗೋಡೆಗೆ ಬಳಿಯಲು ಕೆಮ್ಮಣ್ಣು, ಕುಂಚವೆಂದರೆ ಪುಂಡಿ ಗಿಡದ ನಾರು. ಆ ನಾರನ್ನು ಬಣ್ಣದಲ್ಲಿ ಅದ್ದಿ, ಹೆಚ್ಚಾದದ್ದನ್ನು ಬಟ್ಟಲಿನ ಅಂಚಿಗೆ ಒರೆಸಿ, ಅಳತೆಗೋಲಿಲ್ಲದೆ ಎಳೆಯುವ ಗೆರೆಯಲ್ಲಿ ಮೊಣಕೈ ಅಲುಗುವುದಿಲ್ಲ, ಉಸಿರೂ ಒಂದು ಕ್ಷಣ ನಿಲ್ಲುತ್ತದೆ. ಇದು ನಟನ ಮೈಗೆ ಪರಿಚಯವಿರುವ ಏಕಾಗ್ರತೆ. ಆದ್ದರಿಂದ ಗೆರೆಯ ಆರಂಭದಿಂದ ಕೊನೆಯವರೆಗೆ ನಡುವೆ ಕತ್ತರಿ ಹಾಕಬಾರದೆಂದು ನಿರ್ಧರಿಸಿದೆ. ಕ್ಯಾಮೆರಾವನ್ನು ನೆಲದಲ್ಲಿ ಕುಳಿತವರ ಕಣ್ಣಿನ ಮಟ್ಟಕ್ಕೆ ಇಳಿಸಿದೆ. ಮಲೆನಾಡಿನ ಮನೆಗಳ ಒಳಭಾಗದಲ್ಲಿ ಹಗಲಲ್ಲೂ ಬೆಳಕು ಕಡಿಮೆ. ಹಳೆಯ ಟ್ಯೂಬ್‌ಲೈಟ್ ಉರಿಯುತ್ತಿದ್ದರೆ, ನಮ್ಮ ವಿದ್ಯುತ್ತು 50 ಹರ್ಟ್ಸ್‌ನದಾದ್ದರಿಂದ, ಶಟರನ್ನು ಸೆಕೆಂಡಿನ 50ನೇ ಒಂದು ಭಾಗಕ್ಕೆ ಇಡದಿದ್ದರೆ ಚಿತ್ರ ಮಿನುಗುವ ಸಾಧ್ಯತೆಯಿದೆ. ಸಾಧ್ಯವಾದಷ್ಟೂ ದೀಪವಾರಿಸಿ, ಜಗಲಿಯ ಬಾಗಿಲು ತೆರೆದು ಬರುವ ಬೆಳಕನ್ನೇ ನಾನು ನಂಬುತ್ತೇನೆ.

ಧ್ವನಿಯ ವಿಷಯದಲ್ಲಿ ನಾನು ಹಟಮಾರಿ. ಬರೆಯುತ್ತ ಅವರು ಹಾಡುವ ಹಾಡಿನ ಮೇಲೆ ಗಂಭೀರ ಕಂಠದ ನಿರೂಪಣೆಯನ್ನು ಹೇರಿದರೆ ಕಲಾವಿದೆ ತನ್ನ ಚಿತ್ರದಲ್ಲಿಯೇ ಅತಿಥಿಯಾಗುತ್ತಾಳೆ. (ಪ್ರಾಯೋಜಕರಿಗೆ ನಿರೂಪಣೆ ಪ್ರಿಯ, ಆ ವಾದ ಇನ್ನೂ ಮುಗಿದಿಲ್ಲ.) ಹಂಚಿನ ಮೇಲೆ ಮಳೆ ಜೋರಾದರೆ ಹಾಡು ಕೇಳಿಸದು, ಹಾಗಾಗಿ ಮಳೆಗಾಲದಲ್ಲಿ ಮಾತುಕತೆಯನ್ನಷ್ಟೇ ನಡೆಸಿ, ದಾಖಲೀಕರಣವನ್ನು ಭೂಮಿಯನ್ನು ಪೂಜಿಸುವ ಭೂಮಿ ಹುಣ್ಣಿಮೆಯ ಆಸುಪಾಸಿಗೆ, ಮನೆಗಳಲ್ಲಿ ಆ ಪೂಜೆಯ ಭೂಮಣ್ಣಿ ಬುಟ್ಟಿಗೆ ಚಿತ್ತಾರ ಬರೆಯುವ ದಿನಗಳಿಗೆ ಮುಂದೂಡುತ್ತೇನೆ.

ಸಂಕಲನದ ಮೊದಲ ಕರಡನ್ನು ಅದೇ ಮನೆಯ ಅಂಗಳದಲ್ಲಿ ತೋರಿಸುತ್ತೇನೆ. ಚಿತ್ತಾರದ ಯಾವ ಎಳೆ ಮೊದಲು, ಯಾವುದು ಆಮೇಲೆ ಎಂಬುದನ್ನು ತಿದ್ದುವ ಹಕ್ಕು ಅದನ್ನು ಬರೆದವರದು. ಚಿತ್ರೀಕರಣದ ದಿನಗಳಿಗೆ ಸಂಭಾವನೆ ಕೊಡುತ್ತೇನೆ, ಏಕೆಂದರೆ ಅದು ತೋಟದ ಕೆಲಸ ಬಿಟ್ಟು ಕೊಟ್ಟ ಸಮಯ. ಅದೇ ದೃಶ್ಯವನ್ನೋ ಹಾಡನ್ನೋ ನನ್ನ ಏಕವ್ಯಕ್ತಿ ರಂಗಪ್ರಯೋಗಕ್ಕೆ ಬಳಸಬೇಕೆನಿಸಿದಾಗ ಮತ್ತೆ ಅವರ ಮನೆಗೆ ಹೋಗಿ ಒಪ್ಪಿಗೆ ಕೇಳುತ್ತೇನೆ, ಆ ಬಳಕೆಗೆ ಬೇರೆಯಾಗಿಯೇ ಹಣ ಸಲ್ಲಿಸುತ್ತೇನೆ.