ರಾಜೀನಾಮೆ ಅಂಗೀಕಾರವಾದ ಮೇಲೆ ಕೋರ್ಟು: ದಿನದ ಲೆಕ್ಕ ತಪ್ಪುವುದೆಲ್ಲಿ

ಸಿಟ್ಟಿನ ಭರದಲ್ಲೋ ಮೇಲಿನವರ ಒತ್ತಡಕ್ಕೋ ಬರೆದುಕೊಟ್ಟ ರಾಜೀನಾಮೆ ಅಂಗೀಕಾರವಾಗಿದ್ದರೆ, ವಕೀಲರ ಬಳಿ ಹೋಗುವ ಮುನ್ನ ಮೂರು ತಾರೀಖು ಬರೆದಿಟ್ಟುಕೊಳ್ಳಿ: ರಾಜೀನಾಮೆ ಜಾರಿಗೆ ಬರಲೆಂದು ನೀವೇ ಬರೆದ ದಿನ, ಅಂಗೀಕಾರದ ಆದೇಶವಾದ ದಿನ, ಅದು ನಿಮ್ಮ ಕೈಸೇರಿದ ದಿನ. ಟಪಾಲಿನ ಲಕೋಟೆ ಎಸೆಯಬೇಡಿ, ಅದರ ಮೇಲಿನ ಮುದ್ರೆಯೇ ಸಾಕ್ಷಿ.

ಮುಂದಿನ ತಾರೀಖಿಗೆ ಕೊಟ್ಟ ರಾಜೀನಾಮೆಯನ್ನು, ಸೇವಾ ನಿಯಮ ಅಡ್ಡಿ ಬಾರದಿದ್ದರೆ, ಆ ದಿನಕ್ಕೆ ಮುಂಚೆ ಹಿಂಪಡೆಯಬಹುದು. ಗೋಪಾಲಚಂದ್ರ ಮಿಶ್ರಾ ಪ್ರಕರಣದಲ್ಲಿ 1978ರಲ್ಲೇ ಸುಪ್ರೀಂ ಕೋರ್ಟ್ ಹೀಗೆ ಹೇಳಿದೆ. ಅಂಗೀಕಾರ ಕಚೇರಿಯ ಕಡತದಲ್ಲೇ ಉಳಿದು ನಿಮಗೆ ತಲುಪದೆ, ನಿಮ್ಮನ್ನು ಮತ್ತೆ ಕೆಲಸಕ್ಕೂ ಕರೆದಿದ್ದರೆ 2024ರ ಕೊಂಕಣ ರೈಲ್ವೆ ತೀರ್ಪು ಕೈಹಿಡಿಯುತ್ತದೆ. ಅಂಥದ್ದೇನೂ ಇಲ್ಲದಿದ್ದರೆ ಪ್ರಕರಣ ನಿಲ್ಲುವುದು ಒತ್ತಾಯದ ಪುರಾವೆಯ ಮೇಲೆ. ಎರಡು ವರ್ಷ ಸುಮ್ಮನಿದ್ದು ‘ಹೆದರಿಸಿ ಬರೆಸಿಕೊಂಡರು’ ಎಂದರೆ ಯಾರೂ ನಂಬುವುದಿಲ್ಲ. ಅದೇ ವಾರ ಲಿಖಿತ ದೂರು ಕೊಟ್ಟು ಹಿಂಬರಹ ಪಡೆದಿದ್ದರೆ ಮಾತೇ ಬೇರೆ.

ರಾಜ್ಯ ಸರ್ಕಾರಿ ನೌಕರರು ಮೊದಲು ಹೋಗಬೇಕಾದ್ದು ಕೆಎಟಿಗೆ, ಅಂದರೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ. ಬೆಳಗಾವಿಯಲ್ಲೇ ಅದರ ಪೀಠವಿದೆ. 1985ರ ಆಡಳಿತ ನ್ಯಾಯಮಂಡಳಿ ಕಾಯ್ದೆಯ 21ನೇ ಕಲಮಿನಂತೆ ಅವಧಿ 1 ವರ್ಷ, ಅದನ್ನು ಎಣಿಸುವುದು ಅಂತಿಮ ಆದೇಶವಾದ ದಿನದಿಂದ. ಆದೇಶ 2025ರ ಜೂನ್ 2ರದ್ದು, ಕೈಗೆ ಬಂದದ್ದು ಜುಲೈ 20 ಎಂದುಕೊಳ್ಳಿ. 2026ರ ಜೂನ್ 1 ದಾಟಿಸಬೇಡಿ. ತಡವಾಗಿ ತಲುಪಿದ್ದು ವಿಳಂಬ ಮನ್ನಾಕ್ಕೆ ಕಾರಣವಾದೀತು, ಅದನ್ನೇ ನೆಚ್ಚಿ ಕೂರಬಾರದು. ಸೇವಾ ನಿಯಮದಲ್ಲಿರುವ ಮೇಲ್ಮನವಿ ಸಲ್ಲಿಸಿ ಉತ್ತರವೇ ಬಾರದಿದ್ದರೆ 6 ತಿಂಗಳು ಕಳೆದ ಮೇಲೆ 1 ವರ್ಷ ಸಿಗುತ್ತದೆ.

ಹೆಚ್ಚಿನವರು ಮುಗ್ಗರಿಸುವುದು ಇಲ್ಲೇ. ಆಯುಕ್ತರಿಗೊಂದು, ಸಚಿವರಿಗೊಂದು, ಅಧಿವೇಶನಕ್ಕೆ ಸುವರ್ಣಸೌಧಕ್ಕೆ ಬಂದವರಿಗೆಲ್ಲ ಒಂದೊಂದು ಮನವಿ. ನಿಯಮದಲ್ಲಿಲ್ಲದ ಮನವಿ ಎಷ್ಟು ಕೊಟ್ಟರೂ ಗಡುವು ನಿಲ್ಲುವುದಿಲ್ಲ ಎಂದು 1989ರ ಎಸ್.ಎಸ್. ರಾಠೋಡ್ ತೀರ್ಪು ಹೇಳುತ್ತದೆ. ಹತ್ತು ವರ್ಷದ ಮೇಲೆ ‘ಮನವಿ ಪರಿಶೀಲಿಸಿ’ ಎಂಬ ಆದೇಶ ತಂದು, ಬಂದ ತಿರಸ್ಕಾರವನ್ನು ಹೊಸ ಪ್ರಕರಣ ಮಾಡುವ ಉಪಾಯವೂ 2008ರ ಸಿ. ಜೇಕಬ್ ತೀರ್ಪಿನಿಂದ ಸತ್ತಿದೆ. ‘ಆದೇಶವೇ ಶೂನ್ಯ, ಶೂನ್ಯಕ್ಕೆಲ್ಲಿಯ ಕಾಲಮಿತಿ’ ಎಂಬ ವಾದ ಕೇಳಲು ಚೆಂದ. ಶೂನ್ಯ ಎನ್ನಿಸಿಕೊಳ್ಳಲಿಕ್ಕೂ ಅವಧಿಯೊಳಗೇ ಬರಬೇಕು ಎಂದು ಗುರುದೇವ್ ಸಿಂಗ್ ಪ್ರಕರಣ 1991ರಲ್ಲೇ ತೀರ್ಮಾನಿಸಿದೆ. ಪಿಂಚಣಿ ಕಡಿಮೆ ಬಂದರೆ ಪ್ರತಿ ತಿಂಗಳೂ ಹೊಸ ಅನ್ಯಾಯ ಎನ್ನಬಹುದು, ರಾಜೀನಾಮೆಯ ಅಂಗೀಕಾರ ಒಂದೇ ದಿನಕ್ಕೆ ಮುಗಿದುಹೋಗುವ ಘಟನೆ.

ಕೆಎಟಿ ವ್ಯಾಪ್ತಿಗೆ ಬಾರದ, ರಿಟ್ (ಸರ್ಕಾರಿ ಸ್ವರೂಪದ ಸಂಸ್ಥೆಯ ಕ್ರಮವನ್ನು ನೇರ ಹೈಕೋರ್ಟಿನಲ್ಲಿ ಪ್ರಶ್ನಿಸುವ ಅರ್ಜಿ) ನಡೆಯುವ ಸಂಸ್ಥೆಯ ನೌಕರರಾದರೆ ಹೈಕೋರ್ಟು: ಬೆಳಗಾವಿ, ಬಾಗಲಕೋಟೆಯವರಿಗೆ ಧಾರವಾಡ ಪೀಠ, ವಿಜಯಪುರದವರಿಗೆ ಕಲಬುರಗಿ ಪೀಠ. ರಿಟ್ ಅರ್ಜಿಗೆ ಲಿಖಿತ ಕಾಲಮಿತಿ ಇಲ್ಲ, ಆದರೆ ವಿಳಂಬದ ಕಾರಣಕ್ಕೇ ಅದನ್ನು ತಳ್ಳಿಹಾಕಬಹುದು. ಸಿವಿಲ್ ದಾವೆಯಂತೆ 3 ವರ್ಷ ಸಿಗುತ್ತದೆಂದು ಎಣಿಸಬೇಡಿ, 6 ತಿಂಗಳೊಳಗೆ ಹೋಗಿ. ನಿಮ್ಮ ಜಾಗಕ್ಕೆ ಬೇರೊಬ್ಬರು ನೇಮಕವಾದರೆ ಅವರನ್ನೂ ಪ್ರತಿವಾದಿ ಮಾಡಬೇಕಾದೀತು, ಅಲ್ಲಿಗೆ ಕೋರ್ಟಿನ ಮನಸ್ಸೂ ಗಟ್ಟಿಯಾಗುತ್ತದೆ.

ಈಗಾಗಲೇ ತಡವಾಗಿದ್ದರೆ ಮೂಲ ಅರ್ಜಿಯ ಜೊತೆಗೇ ವಿಳಂಬ ಮನ್ನಾ ಅರ್ಜಿಯನ್ನೂ ಪ್ರಮಾಣಪತ್ರವನ್ನೂ (ಅಫಿಡವಿಟ್) ಹಾಕಿ. ‘ಅನಾರೋಗ್ಯದಿಂದ’ ಎಂಬ ಒಂದು ಸಾಲು ಸಾಲದು. ಯಾವ ತಾರೀಖಿನಿಂದ ಯಾವ ತಾರೀಖಿನವರೆಗೆ ದಾಖಲಾಗಿದ್ದಿರಿ, ಆಮೇಲಿನ ತಿಂಗಳುಗಳಲ್ಲಿ ಏನು ಮಾಡಿದಿರಿ, ಎಲ್ಲದಕ್ಕೂ ಕಾಗದ ಬೇಕು. ಗೊತ್ತಿಲ್ಲದೆ ತಪ್ಪು ಕೋರ್ಟಿನಲ್ಲಿ ಕಳೆದ ಅವಧಿಯನ್ನು ಪ್ರಕರಣದ ಸಂಖ್ಯೆ ಸಮೇತ ತೋರಿಸಿ. ಅಂಗೀಕಾರದ ಕಡತಕ್ಕೆ 10 ರೂಪಾಯಿ ಶುಲ್ಕ ಕಟ್ಟಿ ಆರ್‌ಟಿಐ ಹಾಕಿ. ಉತ್ತರಕ್ಕೆ 30 ದಿನ ಹಿಡಿಯುತ್ತದೆಂದು ಅರ್ಜಿ ತಡೆಹಿಡಿಯಬೇಡಿ, ಆ ದಾಖಲೆಯನ್ನು ಆಮೇಲೂ ಸೇರಿಸಬಹುದು. ಈ ನಡುವೆ ಗ್ರಾಚ್ಯುಟಿ ಹಣ ಖಾತೆಗೆ ಬಂದರೆ ‘ಆಕ್ಷೇಪಣೆಗೆ ಒಳಪಟ್ಟು ಪಡೆದಿದ್ದೇನೆ’ ಎಂದು ಅದೇ ವಾರ ನೋಂದಾಯಿತ ಅಂಚೆಯಲ್ಲಿ ಬರೆದು ಹಾಕಿ.